ಬೇಕಂತ ಮಾಡಿದ್ದಲ್ಲ

ಹಗರಿಬೊಮ್ಮನಹಳ್ಳಿ
೧೭ ಆಗಸ್ಟ್ ೨೦೦೮, ಭಾನುವಾರ

ಅರುಣಕುಮಾರನಿಗೆ,

ರೇಖಾ ಬರೆಯುತ್ತಿರುವುದು. ನಾನು ಚೆನ್ನಾಗಿದ್ದೇನೆ. ನೀನು ಹೇಗಿದ್ದೀಯ ಎಂದು ಕೇಳುವುದಿಲ್ಲ. ಹರಪನಹಳ್ಳಿ ಬಸ್ಸಿನಲ್ಲಿ ಕಂಡಕ್ಟರ್ ಕೆಲಸ ಮಾಡುವವಳಿಗೆ ಹರಪನಹಳ್ಳಿಯ ಸಾವ್ಕಾರರ ಸುದ್ದಿ ಕೇಳದೆಯೇ ಸಿಗುತ್ತದೆ. ಹೊಟ್ಟೆ ಬಂದಿದೆಯಂತೆ. ಮದುವೆ ಮನೆಗಳಲ್ಲಿ ಬಿಳಿ ಕೋಟು ಹಾಕಿಕೊಂಡು ಕೀಬೋರ್ಡು ನುಡಿಸುತ್ತೀಯಂತೆ. ಆರ್ಕೆಸ್ಟ್ರಾಕ್ಕೆ ನಿನ್ನ ಹೆಸರನ್ನೇ ಇಟ್ಟುಕೊಂಡಿದ್ದೀಯಂತೆ. ಒಳ್ಳೆಯದಾಯಿತು.

ನಿನ್ನ ಪತ್ರ ಮುಟ್ಟಿತು. ‘ಪ್ರೀತಿಯ ರೇಖಾ’ ಎಂದು ಶುರು ಮಾಡಿದ್ದೀಯ. ಅದನ್ನು ಓದಿ ಕಾಗದ ಕೆಳಗಿಟ್ಟು, ಒಂದು ಲೋಟ ನೀರು ಕುಡಿದು, ಮತ್ತೆ ಕೈಗೆತ್ತಿಕೊಂಡೆ. ಇಷ್ಟು ವರ್ಷ ಹೆಂಡತಿ ಇದ್ದಾಳೋ ಸತ್ತಳೋ ಎಂದು ವಿಚಾರಿಸದವನಿಗೆ ಒಮ್ಮೆಲೇ ಪ್ರೀತಿ ಉಕ್ಕಿದೆ ಎಂದರೆ ಏನೋ ಕೆಲಸ ಬಿದ್ದಿದೆ ಎಂದೇ ಅರ್ಥ. ಎರಡನೇ ಪುಟಕ್ಕೆ ಬಂದಾಗ ಆ ಕೆಲಸ ಏನೆಂಬುದು ಗೊತ್ತಾಯಿತು.

ಧಾರವಾಡದ ಕಡೆಯ ಯಾರೋ ಒಬ್ಬ ಹೊಸಪೇಟೆಯ ಹಳೇ ಕ್ಯಾಸೆಟ್ ಮಾರುವವನ ಹತ್ತಿರ ನಮ್ಮ ‘ಕರೆಂಟ್ ಕಳ್ಳರು’ ತಂಡದ ಕ್ಯಾಸೆಟ್ ಕಂಡನಂತೆ. ಕೇಳಿ ಹುಚ್ಚು ಹಿಡಿಸಿಕೊಂಡನಂತೆ. ಇಂಟರ್ನೆಟ್ಟಿನಲ್ಲಿ ಸಂಗೀತದ ಬಗ್ಗೆ ಬರೆಯುವವನಂತೆ. ನಿನ್ನನ್ನು ಹುಡುಕಿಕೊಂಡು ಬಂದು ನಿಮ್ಮ ಮನೆಯಲ್ಲಿ ಉಂಡು, ಮಲಗಿ, ಎಲ್ಲ ಬರೆದುಕೊಂಡು ಹೋದನಂತೆ. ಈಗ ನಾವು ಮೂವರೂ ಸೇರಿ ಕೊಟ್ಟೂರಿನಲ್ಲಿ ಇನ್ನೊಂದು ಸಲ ಹಾಡಬೇಕಂತೆ. ಅದೆಲ್ಲ ಆಮೇಲಿನ ಮಾತು. ಅವನು ಬರೆದದ್ದನ್ನು ನೀನು ಅಚ್ಚು ಹಾಕಿಸಿ ಜೊತೆಗೆ ಕಳಿಸಿದ್ದೀಯಲ್ಲ, ಅದರಲ್ಲಿ ಹಂಪಸಾಗರದ ಸಂಗತಿ ಇದೆ. ಎಲೆಕ್ಷನ್ ಜೀಪಿನಲ್ಲಿ ಕುಳಿತು, ಬದುಕಿರುವ ಉಮೇದುವಾರನಿಗೆ ಸತ್ತವರ ಹಾಡು ಹಾಡಿ, ನಾವು ಬೇಕಂತಲೇ ದೊಡ್ಡವರ ಮುಖಕ್ಕೆ ಮಸಿ ಬಳಿದೆವು ಎಂದು ನೀನು ಅವನಿಗೆ ಹೇಳಿದ್ದೀಯ. ಅವನು ಬಂದು ಕೇಳಿದಾಗ ನಾನೂ ಹೌದು ಎನ್ನಬೇಕು, ನಮ್ಮಣ್ಣನ ಬಾಯಿಂದಲೂ ಹೌದು ಎನ್ನಿಸಬೇಕು. ನಿನ್ನ ಪ್ರೀತಿಗೆ ಬೇಕಾಗಿರುವುದು ಇಷ್ಟು.

ಅನ್ನುವುದಿಲ್ಲ. ಉತ್ತರ ಮಾತ್ರ ಬೇಕಿದ್ದರೆ ಇಲ್ಲಿಗೇ ಓದುವುದು ನಿಲ್ಲಿಸು. ಆದರೆ ಇವತ್ತು ನನಗೆ ವಾರದ ರಜೆ, ಸಿಟ್ಟೂ ಬೇಕಾದಷ್ಟಿದೆ, ನಾನಂತೂ ಬರೆಯುವುದು ನಿಲ್ಲಿಸುವುದಿಲ್ಲ.

‘ನೀನು’ ಎಂದು ಬರೆದದ್ದನ್ನು ನಿಮ್ಮವ್ವ ನಾಗಲಿಂಗಮ್ಮನವರು ನೋಡಿದರೆ ಮುಖ ಸಿಂಡರಿಸಬಹುದು. ಮದುವೆಯಾದ ಮೇಲೆ ಗಂಡನಿಗೆ ‘ರೀ’ ಅನ್ನಬೇಕು ಎಂದು ಅವರು ನಿನ್ನ ಕೈಲಿ ಹೇಳಿ ಕಳಿಸಿದ್ದರು. ನನ್ನೆದುರು ನಿಂತು ಹೇಳುವಷ್ಟು ಹತ್ತಿರಕ್ಕೆ ಅವರು ಒಂದು ದಿನವೂ ಬರಲಿಲ್ಲ. ಕೊಟ್ಟೂರಿನ ಬಾಡಿಗೆ ಮನೆಯಲ್ಲಿ ಇದ್ದಷ್ಟು ದಿನ ನಾನು ‘ರೀ’ ಅಂದೆ. ಅದಕ್ಕೂ ಮುಂಚೆ, ನಿಮ್ಮ ಶೇಂಗಾ ಮಿಲ್ಲಿನ ಹಿಂದಿನ ಶೆಡ್ಡಿನಲ್ಲಿ, ನೀನು ನಮಗೆ ‘ಲೇ ಅರುಣಾ’ ಆಗಿದ್ದೆ. ಮಿಲ್ಲಿನ ಗೇಟಿನ ಹೊರಗೆ ನಮ್ಮಣ್ಣ ನಿನ್ನನ್ನು ‘ಸಾವ್ಕಾರ್ರ’ ಎನ್ನುತ್ತಿದ್ದ, ಶಟರ್ ಇಳಿಸಿದ ಮೇಲೆ ‘ಲೇ’ ಎನ್ನುತ್ತಿದ್ದ. ನಿನಗೂ ಅದು ಹಿಡಿಸಿತ್ತು, ಸುಳ್ಳು ಹೇಳಬೇಡ. ಹಾಗೆ ಕರೆಸಿಕೊಂಡಾಗ ನಿನ್ನ ಮುಖ ಅರಳುತ್ತಿತ್ತು. ಆ ಶೆಡ್ಡಿನೊಳಗಿನ ಅರುಣನನ್ನು ನೋಡಿ ನಾನು ಮದುವೆಗೆ ಒಪ್ಪಿದೆ. ಗೇಟಿನ ಹೊರಗೆ ಬೇರೆ ಒಬ್ಬನಿದ್ದಾನೆ ಎಂಬುದನ್ನು ಲೆಕ್ಕಕ್ಕೆ ಹಿಡಿಯಲಿಲ್ಲ.

ಆ ಹುಡುಗ ಬರೆದದ್ದರಲ್ಲಿ ತಂಡ ಕಟ್ಟಿದವನು ನೀನು ಎಂದಿದೆ. ಕೀಬೋರ್ಡು ನಿನ್ನದು, ಶೆಡ್ಡು ನಿಮ್ಮಪ್ಪ ಬೆನಕಪ್ಪನವರದು, ಇಲ್ಲ ಎನ್ನುವುದಿಲ್ಲ. ಆದರೆ ಅದು ಶುರುವಾದದ್ದು ನಮ್ಮಣ್ಣ ಸಂಜೀವನಿಂದ. ಅವನು ಹೊಸಪೇಟೆಯಲ್ಲಿ ರೇಡಿಯೋ ರಿಪೇರಿ ಕಲಿಯುತ್ತಿದ್ದಾಗ, ಹಂಪಿ ನೋಡಲು ಬಂದಿದ್ದ ಬಿಳಿಯನೊಬ್ಬ ಕೆಟ್ಟುಹೋದ ವಾಕ್‌ಮನ್ ತಂದುಕೊಟ್ಟ. ಅಣ್ಣ ಸರಿ ಮಾಡಿಕೊಟ್ಟ. ಆ ಮನುಷ್ಯ ಖುಷಿಯಾಗಿ ಒಳಗಿದ್ದ ಕ್ಯಾಸೆಟ್ಟನ್ನು ಅಣ್ಣನಿಗೇ ಬಿಟ್ಟುಹೋದ. ಮೇಲಿನ ಚೀಟಿ ಕಿತ್ತುಹೋಗಿತ್ತು. ಯಾರು ಹಾಡಿದ್ದು, ಯಾವ ದೇಶದ್ದು ಒಂದೂ ತಿಳಿಯದು. ಒಬ್ಬ ಹೆಂಗಸು ಗಂಟಲು ಹರಿಯುವಂತೆ ಕೂಗುತ್ತಿದ್ದಳು, ಅವಳ ಹಿಂದೆ ಮಿಷನ್ನುಗಳು ಬಡಿದುಕೊಳ್ಳುತ್ತಿದ್ದವು. ನೀನು ಕೇಳಿ, ‘ಇದೇನ್ಲೇ ಸಂಜೀವ, ಹಿಟ್ಟಿನ ಗಿರಣ್ಯಾಗ ಯಾರೋ ಹೆಣ್ಮಗಳು ಸಿಕ್ಕೊಂಡಂಗ ಐತಿ’ ಎಂದೆ. ‘ನಮ್ಮ ರೇಖಾ ಇದಕ್ಕಿಂತ ಜೋರು ಒದರ್ತಾಳ’ ಎಂದು ಅಣ್ಣ ಹೇಳಿದ. ನಾನು ತಂಡಕ್ಕೆ ಬಂದದ್ದು ಹೀಗೆ. ಆ ಸಂಗೀತಕ್ಕೆ ಪಂಕ್ ಅನ್ನುತ್ತಾರೆ ಎಂದು ನಮಗೆ ಯಾರೋ ಹೇಳುವ ಹೊತ್ತಿಗೆ ನಮ್ಮವೇ ಮೂರು ಕ್ಯಾಸೆಟ್ ಆಗಿಹೋಗಿದ್ದವು.

ನೀನು ಅವನಿಗೆ ಸಿಂಥಸೈಜರ್ ಎಂದೂ ಏನೇನೋ ಎಂದೂ ಹೇಳಿದ್ದೀಯ. ಓದಿ ನಕ್ಕೆ. ಗೋಡೆ ಗಡಿಯಾರ ಬಿಚ್ಚಿ, ಅಲಾರಂ ಹೊಡೆಯುವ ಹಿತ್ತಾಳೆ ಬಿಲ್ಲೆ ತೆಗೆದು, ಅದನ್ನು ಹಾಲಿನ ಪುಡಿ ಡಬ್ಬಿಯ ಮುಚ್ಚಳಕ್ಕೆ ಅಂಟಿಸಿ, ವೈರನ್ನು ಮೈಕ್ ಸೆಟ್ಟಿಗೆ ಕೊಟ್ಟು ಅಣ್ಣ ಬಡಿಯುತ್ತಿದ್ದ. ನಮ್ಮ ಡ್ರಮ್ಮು ಅದು. ಕೆಟ್ಟ ರೇಡಿಯೋಗಳ ಹೊಟ್ಟೆಯಿಂದ ಕಿತ್ತ ಸಾಮಾನು ಜೋಡಿಸಿ ಕುಂಯ್ ಕುಂಯ್ ಎನ್ನುವ ಒಂದು ಪೆಟ್ಟಿಗೆಯನ್ನೂ ಮಾಡಿದ್ದ. ಸೆಟ್ಟಿಗೆ ಅರ್ಥಿಂಗ್ ಇರಲಿಲ್ಲ. ಆನ್ ಮಾಡಿದ ಕೂಡಲೇ ಮೈಕಿನ ಹಾರನ್ನಿನಿಂದ ಗುಂಯ್ ಎಂಬ ಸದ್ದು ಏಳುತ್ತಿತ್ತು. ಅದನ್ನು ತೆಗೆಯಬೇಕೆಂದು ನೀನು ಒದ್ದಾಡಿದೆ, ಆಗಲಿಲ್ಲ. ಅಣ್ಣ ನನ್ನ ಕಡೆ ತಿರುಗಿ, ‘ಅದು ಹೋಗಂಗಿಲ್ಲ ತಂಗಿ, ಅದನ್ನ ಶ್ರುತಿ ಅಂತ ತಿಳಕಂಡು ಹಾಡು’ ಎಂದ. ಅವತ್ತಿನಿಂದ ನಮ್ಮ ಎಲ್ಲ ಹಾಡಿಗೂ ಆ ಗುಂಯ್‌ಗುಟ್ಟುವುದೇ ಶ್ರುತಿ. ಕೂಡ್ಲಿಗಿಗೆ ಹೋದರೂ ಅದೇ, ಹಡಗಲಿಗೆ ಹೋದರೂ ಅದೇ, ಸರ್ಕಾರದ ಕರೆಂಟು ಎಲ್ಲ ಕಡೆ ಒಂದೇ ಸ್ವರದಲ್ಲಿ ಗುಂಯ್‌ಗುಡುತ್ತದೆ. ವೋಲ್ಟೇಜ್ ಇಳಿದರೆ ಅಣ್ಣನ ಪೆಟ್ಟಿಗೆಯ ಸ್ವರ ಜಾರುತ್ತಿತ್ತು, ಅದರ ಹಿಂದೆ ನಾನೂ ಜಾರುತ್ತಿದ್ದೆ. ಪಂಪ್‌ಸೆಟ್ಟಿಗೆ ತ್ರೀ ಫೇಸ್ ಬಿಡುವ ಹೊತ್ತು ನೋಡಿ ಕಾರ್ಯಕ್ರಮ ಇಟ್ಟುಕೊಳ್ಳುತ್ತಿದ್ದೆವು. ಕಂಬದ ವೈರಿಗೆ ಕೊಂಡಿ ಎಸೆದು ಕರೆಂಟ್ ಎಳೆಯುವುದೂ ಅಣ್ಣನ ಕೆಲಸ. ತಂಡಕ್ಕೆ ಹೆಸರು ಬಂದದ್ದು ಅಲ್ಲಿಂದ. ನೀನು ಕಂಬ ಹತ್ತಿದ್ದನ್ನು ನಾನಂತೂ ನೋಡಿಲ್ಲ.

ಕೂಡ್ಲಿಗಿಯ ಕಾಲೇಜಿನ ಗ್ಯಾದರಿಂಗ್ ನೆನಪಿದೆಯೇ? ನಾನು ‘ಹಾಸ್ಟೆಲ್ ಸಾರು’ ಹಾಡಲು ಶುರು ಮಾಡಿದೆ. ಸಾರಿನಲ್ಲಿ ಬೇಳೆ ಹುಡುಕಲು ಹೋದವನು ಮುಳುಗಿ ಹೋದ ಎಂಬ ಹಾಡು. ಪ್ರಿನ್ಸಿಪಾಲರು ಎದ್ದು ಹೋಗಿ ಮೇನ್ ಸ್ವಿಚ್ ಇಳಿಸಿದರು. ನನ್ನ ಗಂಟಲು ಮಾತ್ರ ಉಳಿಯಿತು. ಆಗ ಹಿಂದೆ ಕುಳಿತಿದ್ದ ಹಾಸ್ಟೆಲ್ ಹುಡುಗರೆಲ್ಲ ಬಾಯಿ ಮುಚ್ಚಿಕೊಂಡು ಮೂಗಿನಿಂದ ಗುಂಯ್ ಎನ್ನತೊಡಗಿದರು. ನನಗೆ ಶ್ರುತಿ ಕೊಟ್ಟರು, ಅರುಣ. ಆ ಸದ್ದಿನ ಮೇಲೆ ನಾನು ಪೂರಾ ಹಾಡು ಹಾಡಿ ಮುಗಿಸಿದೆ, ಅಣ್ಣ ಬೆಂಚು ಬಡಿದ. ನೀನು ಸತ್ತ ಕೀಬೋರ್ಡಿನ ಮೇಲೆ ಬೆರಳಾಡಿಸುತ್ತ ಅಳುತ್ತಿದ್ದೆ. ಅವತ್ತಿನ ಅಳು ನಿಜವಾದದ್ದು ಎಂದು ಈಗಲೂ ನಂಬುತ್ತೇನೆ. ನಿನ್ನ ಮೇಲೆ ಇಷ್ಟು ಸಿಟ್ಟು ಬರುವುದೇ ಆ ಕಾರಣಕ್ಕೆ. ಮೊದಲಿನಿಂದ ಕೆಟ್ಟವನಾಗಿದ್ದರೆ ಇಷ್ಟು ಹೊತ್ತಿಗೆ ಮರೆತುಬಿಡುತ್ತಿದ್ದೆ.

ನಮ್ಮನ್ನು ಯಾವ ಪೇಪರಿನವರೂ ಬರೆಯಲಿಲ್ಲ, ಯಾವ ರೇಡಿಯೋದವರೂ ಕರೆಯಲಿಲ್ಲ. ಕ್ಯಾಸೆಟ್ಟಿನ ಮೇಲೆ ಹೆಸರು ಕೂಡ ಇರುತ್ತಿರಲಿಲ್ಲ. ಹಾಸ್ಟೆಲಿನಿಂದ ಹಾಸ್ಟೆಲಿಗೆ, ಟೆಂಪೋ ಡ್ರೈವರಿನಿಂದ ಮೈಕ್ ಸೆಟ್ಟಿನವನಿಗೆ ಕಾಪಿ ಆಗುತ್ತ ಹೋಯಿತು. ಇಟ್ಟಿಗಿಯ ಗೋದಾಮಿನಲ್ಲಿ ಹಾಡಿದಾಗ ನಾವು ಎಂದೂ ನೋಡಿರದ ಜನ ನಮ್ಮ ಜೊತೆಗೆ ಸಾಲು ಸಾಲೇ ಒದರುತ್ತಿದ್ದರು. ಹೆಚ್ಚು ಮಾತಾಡದ ನಮ್ಮವ್ವ ಮಾರೆಮ್ಮನೂ ಒಮ್ಮೆ ಬಂದು ಕೇಳಿ, ‘ನಿನ್ನ ಹೊಟ್ಟ್ಯಾಗ ಇಷ್ಟು ಇತ್ತೇನ?’ ಎಂದು ಮಾತ್ರ ಕೇಳಿದಳು.

ಇನ್ನು ಆ ಸತ್ತವರ ಹಾಡಿನ ದಾಟಿಯ ವಿಷಯ. ಆ ಹುಡುಗನಿಗೆ ನೀನು ಅದನ್ನು ‘ಜಾನಪದ’ ಎಂದು ಹೇಳಿ ಕೈ ತೊಳೆದುಕೊಂಡಿದ್ದೀಯ. ಅದು ನಮ್ಮಜ್ಜಿ ಗಾದೆಮ್ಮನದು. ಸಾವಿನ ಮನೆಯಲ್ಲಿ ಹೆಣದ ಮುಂದೆ ಹೆಂಗಸರು ಹಾಡ್ಯಾಡಿ ಅಳುವುದು ನಮ್ಮ ಓಣಿಯಲ್ಲೂ ಇದೆ, ನಿಮ್ಮ ಓಣಿಯಲ್ಲೂ ಇದೆ. ಆದರೆ ಅಜ್ಜಿಯ ಹಾಗೆ ಅಳುವವರು ಸುತ್ತಲಿನ ಹಳ್ಳಿಗಳಲ್ಲಿ ಇರಲಿಲ್ಲ. ಸತ್ತವನ ಒಂದೊಂದೇ ಗುಣ ಎತ್ತಿ ಹೇಳಿ, ಸಾಲಿನ ಕೊನೆಗೆ ದನಿಯನ್ನು ಎಳೆದು ಎಳೆದು ಕೆಳಗೆ ಇಳಿಸುತ್ತಿದ್ದಳು. ಸತ್ತವನಿಗೆ ಒಳ್ಳೆಯ ಗುಣ ಇಲ್ಲದಿದ್ದರೆ ತಾನೇ ಹುಟ್ಟಿಸಿ ಹೇಳುತ್ತಿದ್ದಳು. ಆ ದಾಟಿಯನ್ನು ನಾನು ಓಡುವ ತಾಳಕ್ಕೆ ಕೂಡಿಸಿ, ಊರ ಹೊರಗೆ ಸುಟ್ಟುಹೋದ ಟ್ರಾನ್ಸ್‌ಫಾರ್ಮರಿಗೆ ಅಳುವ ಹಾಡು ಮಾಡಿದೆ. ಬೋರಿಗೆ ನೀರು ಕೊಟ್ಟವನೇ, ಗಿರಣಿ ತಿರುಗಿಸಿದವನೇ, ಮೇಲಿನ ಸಾಹೇಬ ಬರುವ ತನಕ ಕಾಯದೆ ಹೋದವನೇ ಎಂದು. ಜನ ನಕ್ಕು ನಕ್ಕು ಕುಣಿದರು. ನಮ್ಮ ಹಾಡುಗಳಲ್ಲೆಲ್ಲ ಹೆಚ್ಚು ಕಾಪಿ ಆದದ್ದು ಅದು. ಅದು ಅಜ್ಜಿ ಅಳುವ ದಾಟಿ ಎಂದು ಮೊದಲ ದಿನವೇ ನಿನಗೆ ಹೇಳಿದ್ದೆ.

ಆಮೇಲೆ ಹಡಗಲಿಯಲ್ಲಿ ನಮ್ಮ ರಿಜಿಸ್ಟರ್ ಮದುವೆ ಆಯಿತು. ಕೊಟ್ಟೂರಿನ ಮನೆಯ ಸುಖದ ಬಗ್ಗೆ ನಾನು ಬರೆಯುವುದಿಲ್ಲ. ಇತ್ತು, ಅಷ್ಟೇ.

ಎರಡು ಸಾವಿರದ ಇಸವಿಯಲ್ಲಿ ಜಿಲ್ಲಾ ಪಂಚಾಯ್ತಿ ಚುನಾವಣೆ ಬಂತು. ನಿಮ್ಮಪ್ಪನ ಸ್ನೇಹಿತರು ಓಬಳೇಶಪ್ಪನವರು ನಿಂತರು. ಮದುವೆಯಾದಾಗಿನಿಂದ ನಮ್ಮ ಮನೆಯ ಕಡೆ ಮುಖ ಹಾಕದ ನಿಮ್ಮಪ್ಪ ನಿನ್ನನ್ನು ಕರೆಸಿ, ಪ್ರಚಾರಕ್ಕೆ ಒಂದು ಹಾಡು ಮಾಡಿಕೊಡು ಎಂದರು. ನೀನು ಹಬ್ಬ ಬಂದವನ ಹಾಗೆ ಓಡಿ ಬಂದೆ. ಹಾಡು ಮಾಡಿಕೊಟ್ಟರೆ ಓಬಳೇಶಪ್ಪನವರು ದಾವಣಗೆರೆಯ ಸ್ಟುಡಿಯೋದಲ್ಲಿ ನಮ್ಮ ಹಾಡು ರೆಕಾರ್ಡ್ ಮಾಡಿಸುತ್ತಾರೆ, ಅಪ್ಪ ನನ್ನನ್ನು ಮತ್ತೆ ಮನೆಗೆ ಸೇರಿಸುತ್ತಾನೆ, ನಿನ್ನನ್ನೂ ಸೇರಿಸುತ್ತಾನೆ ಎಂದೆ. ಮೂರೂ ಒಂದೇ ಉಸಿರಿನಲ್ಲಿ. ನಾನು ಬೇಡ ಎಂದೆ. ಅಣ್ಣ ಬೇಕು ಎಂದ. ತಾನು ಬಡಿದದ್ದನ್ನು ಒಂದು ಸಲವಾದರೂ ಗರಗರ ಇಲ್ಲದೆ ಕೇಳಬೇಕು ಎಂಬ ಆಸೆ ಅವನಿಗೆ. ಅವನ ಮುಖ ನೋಡಿ ನಾನು ಒಪ್ಪಿದೆ.

ಪದ ಬರೆದವನು ನೀನು. ಕೆರೆ ತುಂಬಿಸಿದವನೇ, ಸಾಲಿ ಕಟ್ಟಿಸಿದವನೇ, ಹಸಿದು ಬಂದವರಿಗೆ ಉಣಿಸಿದವನೇ, ನಮ್ಮ ಓಬಳೇಶಣ್ಣಾ ಎಂದು. ಯಾವ ಕೆರೆ, ಯಾವ ಶಾಲೆ ಎಂದು ನಾವು ಕೇಳಲಿಲ್ಲ. ಟ್ರಾನ್ಸ್‌ಫಾರ್ಮರ್ ಹಾಡಿನ ದಾಟಿಯೇ ಇರಲಿ, ಜನರ ಬಾಯಲ್ಲಿದೆ ಎಂದವನೂ ನೀನೇ. ‘ಅಜ್ಜಿ ದಾಟಿ ಬ್ಯಾಡ, ಬೇರೆ ಹಾಕೋಣು’ ಎಂದು ನಾನು ಹೇಳಿದೆ. ‘ಇಷ್ಟು ಜೋರು ಓಡಿದ್ರ ಯಾರಿಗೆ ತಿಳಿತೈತಿ ಬಿಡ’ ಎಂದೆ ನೀನು. ಹಾಡನ್ನು ಕ್ಯಾಸೆಟ್ಟಿಗೆ ತುಂಬಿಸಿದೆವು, ಅದನ್ನು ಜೀಪಿನಲ್ಲಿ ಊರೂರು ಹಾಕಿಕೊಂಡು ಬರುವ ಕೆಲಸ ಅಣ್ಣನಿಗೆ ಬಿತ್ತು. ಜೀಪಿನಲ್ಲಿ ಸೆಟ್ಟಿಗೆ ಬೇರೆ ಬ್ಯಾಟರಿ ಇಡಬೇಕು ಎಂದು ಅವನು ಕೇಳಿದ. ಅದಕ್ಕೂ ನೀನು, ‘ಜೀಪಿನ ಬ್ಯಾಟರಿನ ಸಾಕ್ಲೇ, ನಡಿತೈತಿ’ ಎಂದೆ. ಇವೆರಡು ಮಾತು ಆ ಹುಡುಗನ ಬರಹದಲ್ಲಿ ಇಲ್ಲ.

ಹಂಪಸಾಗರದಲ್ಲಿ ಆದದ್ದು ಏನು ಎಂದು ಜೀಪಿನ ಡ್ರೈವರ್ ಹೇಳಿದ್ದಾನೆ, ಅಣ್ಣ ಹೇಳಿದ್ದಾನೆ, ಹೊಳೆಗೆ ಹೊರಟಿದ್ದ ಹೆಂಗಸರು ಹೇಳಿದ್ದಾರೆ. ಎಲ್ಲರದೂ ಒಂದೇ ಮಾತು. ಮಟಮಟ ಮಧ್ಯಾಹ್ನ. ಜೀಪನ್ನು ಬೇವಿನ ಮರದ ಕೆಳಗೆ ನಿಲ್ಲಿಸಿದರು. ಡೀಸೆಲ್ ಉಳಿಯಲಿ ಎಂದು ಡ್ರೈವರ್ ಇಂಜಿನ್ ಆರಿಸಿ ಚಹಾಕ್ಕೆ ಹೋದ. ಊರೂರು ತಿರುಗಿ ನಿದ್ದೆಗೆಟ್ಟಿದ್ದ ಅಣ್ಣ ಮರದ ಬುಡಕ್ಕೆ ಒರಗಿದ ಹಾಗೇ ಮಲಗಿಬಿಟ್ಟ. ಕ್ಯಾಸೆಟ್ ತಿರುಗುತ್ತಲೇ ಇತ್ತು. ಬ್ಯಾಟರಿ ಇಳಿಯುತ್ತ ಬಂತು, ಕ್ಯಾಸೆಟ್ ನಿಧಾನವಾಗುತ್ತ ಬಂತು. ಓಡುತ್ತಿದ್ದ ಹಾಡು ನಡೆಯತೊಡಗಿತು, ಆಮೇಲೆ ತೆವಳತೊಡಗಿತು. ನನ್ನ ದನಿ ಇಳಿದು ಇಳಿದು ಮುದುಕಿಯ ದನಿ ಆಯಿತು. ಕೆರೆ ತುಂಬಿಸಿದವನೇ ಎಂದು ಎಳೆದು, ನಮ್ಮ ಓಬಳೇಶಣ್ಣಾ ಎಂದು ಕೆಳಗಿಳಿಯುವ ಆ ದಾಟಿ ಯಾರಿಗೆ ಗೊತ್ತಿಲ್ಲ? ಒಬ್ಬೊಬ್ಬರೇ ಹೆಂಗಸರು ತಲೆ ಮೇಲೆ ಸೆರಗು ಎಳೆದುಕೊಂಡು ಹೊರಗೆ ಬಂದರು. ‘ಯವ್ವಾ, ಓಬಳೇಶಪ್ಪ ಹೋದ್ನಂತ’ ಎಂದು ಎರ್ರೆಮ್ಮ ಎಂಬ ಮುದುಕಿ ಎದೆ ಬಡಿದುಕೊಂಡಳಂತೆ. ಜೀಪಿನ ಮುಂದೆಯೇ ಕುಳಿತು, ಹಾರನ್ನಿನ ಜೊತೆ ದನಿ ಕೂಡಿಸಿ, ಅವಳೂ ಹಾಡ್ಯಾಡಿ ಅಳತೊಡಗಿದಳು.

ಸುದ್ದಿಯನ್ನು ಬಸ್ಸು ಹೊತ್ತುಕೊಂಡು ಹಗರಿಬೊಮ್ಮನಹಳ್ಳಿಗೆ ಬಂತು. ಓಬಳೇಶಪ್ಪನವರು ಮನೆಯಲ್ಲಿ ಊಟಕ್ಕೆ ಕುಳಿತಿದ್ದರು. ಹೂವಿನ ಹಾರ ಹಿಡಿದ ಜನ ಅಂಗಳಕ್ಕೆ ನುಗ್ಗಿದರು. ಯಾರೋ ನೆಂಟರ ಮುದುಕಿ ಅವರ ಹೆಂಡತಿಯನ್ನು ತಬ್ಬಿಕೊಂಡು, ಕೈಯ ಬಳೆ ಸವರುತ್ತ ಗೊಳೋ ಎಂದಳು. ಅವರು ಎಂಜಲು ಕೈಯಲ್ಲೇ ಎದ್ದು ಬಾಗಿಲಿಗೆ ಬಂದು ನಿಂತರು. ಈ ಭಾಗ ಹೇಳುವಾಗ ಈಗಲೂ ನನಗೆ ನಗು ಬರುತ್ತದೆ, ಏನು ಮಾಡಲಿ? ಆ ಹುಡುಗನೂ ಇದನ್ನು ಚೆನ್ನಾಗಿ ಬರೆದಿದ್ದಾನೆ. ಆದರೆ ಅವನ ಕಥೆ ಇಲ್ಲಿಗೆ ಮುಗಿಯುತ್ತದೆ. ಮುಂದಿನದನ್ನು ನೀನು ಅವನಿಗೆ ಹೇಳಿಲ್ಲ.

ಅಣ್ಣನನ್ನು ಅದೇ ಜೀಪಿನಲ್ಲಿ ಎಳೆದು ತಂದರು. ಸುದ್ದಿ ತಿಳಿದು ನಾನು ಕೊಟ್ಟೂರಿನಿಂದ ಓಡಿ ಬಂದೆ. ಅಂಗಳದಲ್ಲಿ ಅಣ್ಣ ನೆಲದ ಮೇಲೆ ಕುಳಿತಿದ್ದ, ಅಂಗಿ ಹರಿದಿತ್ತು. ನೀನು ನಿಮ್ಮಪ್ಪನ ಪಕ್ಕದಲ್ಲಿ ಕಟ್ಟೆಯ ಮೇಲೆ ಕುಳಿತಿದ್ದೆ. ಅಣ್ಣ ಕೈ ಮುಗಿದು, ‘ಬ್ಯಾಟರಿ ಇಳಿದೈತ್ರಿ ಯಪ್ಪಾ, ಬಾನೆಟ್ ಎತ್ತಿ ನೋಡ್ರಿ’ ಎಂದು ಒಂದೇ ಸಮನೆ ಹೇಳುತ್ತಿದ್ದ. ಯಾರೂ ಬಾನೆಟ್ ಎತ್ತಲಿಲ್ಲ. ಓಬಳೇಶಪ್ಪನವರು ನಿನ್ನ ಕಡೆ ತಿರುಗಿ, ನೀನೇ ಹೇಳಪ್ಪ, ಏನಾಯಿತು ಎಂದು ಕೇಳಿದರು. ಆ ಅಂಗಳದಲ್ಲಿ ಅವರು ನಂಬುವ ಮಾತು ಬೆನಕಪ್ಪನ ಮಗನದು ಒಂದೇ ಇತ್ತು. ಬ್ಯಾಟರಿ ಎಂದು ನೀನು ಅಂದಿದ್ದರೆ ಬೈದು ಬಿಟ್ಟುಬಿಡುತ್ತಿದ್ದರು. ನೀನು ನನ್ನನ್ನು ನೋಡಿದೆ. ಆಮೇಲೆ ನಿಮ್ಮಪ್ಪನನ್ನು ನೋಡಿದೆ.

‘ನನಗೇನೂ ಗೊತ್ತಿಲ್ರಿ ಕಾಕಾ. ಅವರಿಬ್ರೂ ಬೇಕಂತನ ಮಾಡ್ಯಾರ. ಅದು ಅವರ ಅಜ್ಜಿ ಅಳೋ ದಾಟಿ ಐತ್ರಿ.’

ಅವರಿಬ್ಬರಲ್ಲಿ ಒಬ್ಬಳು ನಿನ್ನ ಹೆಂಡತಿ. ಅದನ್ನು ಪಕ್ಕಕ್ಕಿಡು. ನಿನ್ನ ಮಾತು ಮುಗಿಯುವುದಕ್ಕೂ ಅವರ ಕಡೆಯ ಒಬ್ಬ ಅಣ್ಣನ ಬಲಗಪಾಳಕ್ಕೆ ಬೀಸಿದ್ದಕ್ಕೂ ಸರಿಹೋಯಿತು. ಅಲ್ಲಿಯವರೆಗೆ ಬಿದ್ದ ಏಟುಗಳೆಲ್ಲ ಮಾಯುವಂಥವು. ಆ ಒಂದು ಏಟಿಗೆ ಕಿವಿಯಿಂದ ರಕ್ತ ಬಂತು. ಒಳಗಿನ ಪರದೆ ಹರಿದಿದೆ, ನರಕ್ಕೂ ಪೆಟ್ಟಾಗಿದೆ, ಇನ್ನು ಈ ಕಿವಿ ಕೇಳುವುದಿಲ್ಲ ಎಂದು ಡಾಕ್ಟರು ಹೇಳಿದರು. ನೀನು ನೋಡಲು ಬರಲಿಲ್ಲ. ನಾನೂ ಕೊಟ್ಟೂರಿಗೆ ಮರಳಲಿಲ್ಲ.

ಒಂದು ಕಿವಿ ಹೋದರೆ ಏನಾಗುತ್ತದೆ ಎಂದು ಎರಡೂ ಇರುವವರಿಗೆ ತಿಳಿಯುವುದಿಲ್ಲ. ಸದ್ದು ಕೇಳುತ್ತದೆ, ಎಲ್ಲಿಂದ ಬಂತು ಎಂಬುದು ಗೊತ್ತಾಗುವುದಿಲ್ಲ. ಬಸ್‌ಸ್ಟ್ಯಾಂಡಿನಲ್ಲಿ ನಾನು ‘ಅಣ್ಣಾ’ ಎಂದು ಕರೆದರೆ ಅವನು ಇನ್ನೊಂದು ಕಡೆ ತಿರುಗಿ ಹುಡುಕುತ್ತಾನೆ. ಇಲ್ಲಿ ಮೋಟಾರ್ ವೈಂಡಿಂಗ್ ಅಂಗಡಿ ಇಟ್ಟುಕೊಂಡಿದ್ದಾನೆ. ತಾಮ್ರದ ತಂತಿ ಸುತ್ತುವುದಕ್ಕೆ ಕಿವಿ ಬೇಕಿಲ್ಲ. ಗಡಿಯಾರದ ಬಿಲ್ಲೆ, ಡಬ್ಬಿ ಮುಚ್ಚಳ ಯಾವುದನ್ನೂ ಅವನು ಮತ್ತೆ ಮುಟ್ಟಿದ್ದನ್ನು ನಾನು ಕಂಡಿಲ್ಲ. ದಾವಣಗೆರೆಯ ಸ್ಟುಡಿಯೋ ನಾವು ಯಾರೂ ನೋಡಲಿಲ್ಲ. ಅಲ್ಲಿಗೆ ‘ಕರೆಂಟ್ ಕಳ್ಳರು’ ಮುಗಿಯಿತು.

ಈಗ ಹೇಳು. ಅವತ್ತು ಆ ಅಂಗಳದಲ್ಲಿ ‘ಬೇಕಂತ ಮಾಡ್ಯಾರ’ ಎಂದು ಹೇಳಿ ನೀನು ಪಾರಾದೆ. ಈಗ ಅದೇ ಸುಳ್ಳನ್ನು ಇಸ್ತ್ರಿ ಮಾಡಿ, ‘ಬೇಕಂತ ಮಾಡಿದೆವು’ ಎಂದು ತೊಟ್ಟುಕೊಂಡು ಮೆರೆಯಲು ಹೊರಟಿದ್ದೀಯ. ಏಟು ಬೀಳುವಾಗ ಅದು ಅವರಿಬ್ಬರ ಕೆಲಸ, ಹಾರ ಬೀಳುವಾಗ ಮೂವರ ಕೆಲಸ. ನಿನಗೆ ನಾಚಿಕೆ ಇಲ್ಲ ಎಂದು ಬರೆಯಲು ಹೊರಟೆ, ಬಿಟ್ಟೆ. ಇದ್ದಿದ್ದರೆ ನೀನು ಆ ಪತ್ರವನ್ನೇ ಬರೆಯುತ್ತಿರಲಿಲ್ಲ.

ಆ ಹುಡುಗ ಬರಲಿ. ಅವನನ್ನು ಕೂರಿಸಿ, ಚಹಾ ಕೊಟ್ಟು, ಆದದ್ದನ್ನು ಆದ ಹಾಗೆ ಹೇಳುತ್ತೇನೆ. ನಾವು ವೀರರಲ್ಲ. ಸ್ಟುಡಿಯೋದ ಆಸೆಗೆ ದೊಡ್ಡವರ ಹೊಗಳಿಕೆ ಹಾಡಿದವರು. ಬ್ಯಾಟರಿ ಇಳಿಯಿತು, ದಾಟಿ ತನ್ನ ಬಣ್ಣ ತೋರಿಸಿತು, ಒಬ್ಬನ ಕಿವಿ ಹೋಯಿತು, ಒಬ್ಬ ಕಟ್ಟೆಯ ಮೇಲಿದ್ದ. ಇದನ್ನು ಬರೆದರೆ ಬರೆಯಲಿ, ಬಿಟ್ಟರೆ ಬಿಡಲಿ. ಕೊಟ್ಟೂರಿಗೆ ನಾನು ಹಾಡಲು ಬರುವುದಿಲ್ಲ. ನನ್ನ ದನಿ ಈಗ ಟಿಕೆಟ್ ಟಿಕೆಟ್ ಎನ್ನುವುದಕ್ಕೆ ಮೀಸಲು. ನಿನಗೆ ಬೇಕಿದ್ದರೆ ಹರಪನಹಳ್ಳಿ ಬಸ್ಸಿನಲ್ಲಿ ಬಂದು ಕೇಳಿಕೊಂಡು ಹೋಗು.

ಉತ್ತರ ಬರೆಯುವ ತೊಂದರೆ ತೆಗೆದುಕೊಳ್ಳಬೇಡ.

ರೇಖಾ
(ದುರುಗಪ್ಪನ ಮಗಳು, ಸಂಜೀವನ ತಂಗಿ)

ಮತ್ತೊಂದು ಮಾತು:

ಲಕೋಟೆಗೆ ಅಂಟು ಹಚ್ಚುವ ಹೊತ್ತಿಗೆ ಅಣ್ಣ ಊಟಕ್ಕೆ ಬಂದ. ನಿನ್ನ ಪತ್ರ, ಅಚ್ಚು ಹಾಕಿಸಿದ ಕಾಗದ, ನನ್ನ ಈ ಪತ್ರ ಮೂರನ್ನೂ ಅವನ ಮುಂದೆ ಇಟ್ಟೆ. ಸಿಟ್ಟು ಮಾಡುತ್ತಾನೆ ಎಂದುಕೊಂಡಿದ್ದೆ. ಅವನು ಪೂರ್ತಿ ಓದಿ, ತಲೆ ಕೆಳಗೆ ಹಾಕಿಕೊಂಡು ರೊಟ್ಟಿ ಮುರಿಯುತ್ತ ಕುಳಿತ. ಆಮೇಲೆ ಹೇಳಿದ: ಆ ಹುಡುಗ ಶುಕ್ರವಾರವೇ ಅಂಗಡಿಗೆ ಬಂದಿದ್ದನಂತೆ. ಹಂಪಸಾಗರದಲ್ಲಿ ನಿಜವಾಗಿ ಏನಾಯಿತು ಎಂದು ಕೇಳಿದನಂತೆ. ‘ನಾನು ನಿದ್ದಿ ಮಾಡಿರಲಿಲ್ಲ, ಬ್ಯಾಟರಿ ವೈರ್ ಸಡಿಲು ಮಾಡಿ ಬೇಕಂತ ನಿಧಾನ ಓಡಿಸಿದೆ’ ಎಂದು ಅಣ್ಣನೇ ಅವನಿಗೆ ಹೇಳಿ ಕಳಿಸಿದ್ದಾನೆ.

ಯಾಕಣ್ಣ ಇಂಥ ಸುಳ್ಳು ಎಂದು ನಾನು ಕೂಗಾಡಿದೆ. ‘ಬ್ಯಾಟರಿ ಇಳಿದು ಹೊಡೆಸಿಕೊಂಡೆ ಅಂದ್ರ ಜನ ಅಯ್ಯೋ ಪಾಪ ಅಂತಾರ ರೇಖಾ. ಎಂಟು ವರ್ಷ ಅದನ್ನ ಕೇಳೀನಿ, ಸಾಕಾಗೇತಿ. ಬೇಕಂತ ಮಾಡಿ ಹೊಡೆಸಿಕೊಂಡೆ ಅಂದಾಗ ಆ ಹುಡುಗ ಎದ್ದು ನಿಂತು ನನ್ನ ಕೈ ಹಿಡಕಂಡ’ ಎಂದ. ಹೇಳುವಾಗ ಅವನ ಕಣ್ಣು ತುಂಬಿತ್ತು, ಮುಖದಲ್ಲಿ ನಗುವೂ ಇತ್ತು. ಕೊಟ್ಟೂರಿಗೆ ಬಂದು ಬಡಿಯುತ್ತಾನಂತೆ.

ಹೀಗಾಗಿ ಮೇಲೆ ನಾನು ಆ ಹುಡುಗನಿಗೆ ಹೇಳುತ್ತೇನೆ ಎಂದು ಬರೆದದ್ದನ್ನು ಹೇಳುವುದಿಲ್ಲ. ಕೇಳಿದರೆ ನಮ್ಮಣ್ಣ ಹೇಳಿದ್ದೇ ಸರಿ ಎನ್ನುತ್ತೇನೆ. ನೀನು ಗೆದ್ದೆ ಎಂದುಕೊಳ್ಳಬೇಡ. ಆ ಬರಹದಲ್ಲಿ ‘ನಾವು ಮಾಡಿದೆವು’ ಎಂದಿರುವ ಕಡೆಯಲ್ಲೆಲ್ಲ ‘ಸಂಜೀವ ಮಾಡಿದ’ ಎಂದು ಹಾಕಿಸು. ನಿನ್ನ ಹೆಸರು ಅಲ್ಲಿ ಬರಕೂಡದು, ನನ್ನದೂ ಬೇಡ. ಒಂದು ಕಡೆ ‘ನಾವು’ ಹಾಗೇ ಉಳಿದರೂ ನಾನು ಬಂದು ಬ್ಯಾಟರಿಯ ಕಥೆ ಹೇಳಿಬಿಡುತ್ತೇನೆ. ಸುಳ್ಳಾದರೂ ಚಿಂತೆಯಿಲ್ಲ, ಅದು ಪೂರಾ ಅವನದಾಗಿರಲಿ.